ಮದ್ದಿನ ಹೊತ್ತಿನ ಗೆರೆ

ನಮ್ಮ ಮಾವ ಒಂದು ವಾರ ಕೂತು, ಆಕಾಶದಲ್ಲಿ ಇದ್ದಿರಬಹುದಾದ ಗ್ರಹಗಳನ್ನೆಲ್ಲ ಕೆಂಪು ಪೆನ್ಸಿಲಿನಲ್ಲಿ ಹೊಡೆದುಹಾಕಿದ್ದರು. ಒಂದನ್ನೂ ಬಿಟ್ಟಿರಲಿಲ್ಲ. ಅದೂ ಎಷ್ಟು ಅಚ್ಚುಕಟ್ಟಾಗಿ! ಪ್ರತಿ ಗೀಟೂ ಒಂದೇ ಉದ್ದ, ಒಂದೇ ಓರೆ. ಭಾನುವಾರ ಊಟವಾದ ಮೇಲೆ ಆ ಕಾಗದಗಳ ಕಟ್ಟನ್ನು ನನ್ನ ಮುಂದಿಟ್ಟು, "ತಗೋ ಅಮ್ಮಣ್ಣಿ, ಬೇಡ್ದೇ ಇರೋದ್ನೆಲ್ಲಾ ಒಡ್ದಾಕಿದ್ದೀನಿ. ಇನ್ನು ನೀನು ಆರಾಮಾಗಿ ನೋಡ್ಕೋಬಹುದು" ಎಂದರು. ನಾನು ಒಂದೊಂದೇ ಹಾಳೆ ತಿರುವಿ ನೋಡಿ ನಕ್ಕಿದ್ದೇ ನಕ್ಕಿದ್ದು. ಆ ನಗುವಿಗೆ ಆಮೇಲೆ ನಾಚಿಕೊಂಡೆ. ಅದನ್ನೂ ಹೇಳುತ್ತೇನೆ.

ನಾನು ಬಂಗಾರಪೇಟೆ ಪಕ್ಕದ ಹಳ್ಳಿಯವಳು. ಹಸು, ಹಾಲಿನ ಕ್ಯಾನು, ಟೊಮೆಟೊ ತೋಟದ ಮಧ್ಯೆ ಬೆಳೆದವಳು ಮದುವೆಯಾಗಿ ಕೋಲಾರದ ಚಿನ್ನದ ಗಣಿಯ ಉರಿಗಾಮಿಗೆ ಬಂದೆ. ಬಂಗಾರಪೇಟೆಯ ಒಂದು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಬೆಳಿಗ್ಗೆ ರೈಲಿನಲ್ಲಿ ಹೋಗುವುದು, ಸಂಜೆ ರೈಲಿನಲ್ಲಿ ಬರುವುದು. ನನ್ನ ಗಂಡ ಇಲ್ಲಿನ ಕಾರ್ಖಾನೆಯೊಂದರಲ್ಲಿ ಶಿಫ್ಟ್ ಕೆಲಸದವರು, ಹಾಗಾಗಿ ಭಾನುವಾರಗಳಲ್ಲಿ ಮನೆಯಲ್ಲಿ ಹೆಚ್ಚಾಗಿ ಉಳಿಯುತ್ತಿದ್ದವರು ನಾನೂ ಮಾವನೂ ಇಬ್ಬರೇ. ನಾನು ಬಾಯಿಬಡುಕಿ, ಅವರು ಮಿತಭಾಷಿ. ಜೋಡಿ ಚೆನ್ನಾಗಿಯೇ ಹೊಂದಿತ್ತು.

ಮಾವ ಚಿನ್ನದ ಗಣಿಯಲ್ಲಿ ಕೆಲಸ ಮಾಡಿದವರು, ಆದರೆ ಗಣಿಗೆ ಇಳಿದವರಲ್ಲ. ನೆಲದ ಮೇಲೆಯೇ ಒಂದು ಕೋಣೆ ಇತ್ತಂತೆ. ಅಲ್ಲಿ ಕಾಗದ ಸುತ್ತಿದ ಉರುಳೆ ನಿಧಾನವಾಗಿ ತಿರುಗುತ್ತ ಇರುತ್ತಿತ್ತು, ಅದರ ಮೇಲೆ ಒಂದು ಮುಳ್ಳು ಸದಾ ಗೆರೆ ಎಳೆಯುತ್ತಿತ್ತು. ಭೂಮಿ ಒಳಗೆ ಎಲ್ಲಾದರೂ ಅದುರಿದರೆ ಮುಳ್ಳು ಎಗರುತ್ತಿತ್ತು. ಆಳದ ಸುರಂಗಗಳಲ್ಲಿ ಒತ್ತಡ ತಾಳಲಾರದೆ ಬಂಡೆ ತಾನಾಗಿಯೇ ಸಿಡಿಯುವುದುಂಟು. ಊರಿನವರು ಅದನ್ನು ಏರ್‌ಬ್ಲಾಸ್ಟ್ ಎನ್ನುತ್ತಿದ್ದರು. ಮನೆಗಳಲ್ಲಿ ಗೂಡಿನ ಮೇಲಿನ ಪಾತ್ರೆಗಳೆಲ್ಲ ಗಲಗಲ ಅನ್ನುತ್ತಿದ್ದವಂತೆ. ಮುಳ್ಳು ದೊಡ್ಡದಾಗಿ ಎಗರಿದರೆ ಗಣಿಗೆ ಇಳಿಯುವ ಬಾವಿಯ, ಅಂದರೆ ಶಾಫ್ಟಿನ, ಆಫೀಸಿಗೆ ಫೋನ್ ಮಾಡುವುದು ಮಾವನ ಕೆಲಸ. ಕಾಗದ ಬದಲಾಯಿಸಲು ಸೇರಿಕೊಂಡವರು, ವರ್ಷಗಳು ಕಳೆದಂತೆ ಆ ಗೆರೆಗಳನ್ನು ನಾವು ಪೇಪರ್ ಓದಿದಷ್ಟು ಸಲೀಸಾಗಿ ಓದುವುದನ್ನು ಕಲಿತಿದ್ದರು.

ಆ ಓದಿನಲ್ಲಿ ಮೊದಲ ಪಾಠ ಒಂದೇ. ಶಿಫ್ಟ್ ಮುಗಿದು ಜನ ಮೇಲೆ ಬಂದ ಮೇಲೆ, ಗೊತ್ತಾದ ಹೊತ್ತಿಗೆ ಸರಿಯಾಗಿ ಬಂಡೆಗೆ ಮದ್ದು ಇಟ್ಟು ಸಿಡಿಸುತ್ತಿದ್ದರು. ಆಗಲೂ ಮುಳ್ಳು ಎಗರುತ್ತದೆ. ಅದು ಮನುಷ್ಯರ ಕೆಲಸ, ಭೂಮಿಯದ್ದಲ್ಲ. ಆದ್ದರಿಂದ ಹೊತ್ತಿಗೆ ಸರಿಯಾಗಿ ಬಂದದ್ದಕ್ಕೆಲ್ಲ ಕೆಂಪು ಗೀಟು ಹೊಡೆದುಬಿಡಬೇಕು. ಹೊತ್ತಲ್ಲದ ಹೊತ್ತಲ್ಲಿ ಬಂದದ್ದೇ ನಿಜವಾದದ್ದು.

ಗಣಿ ಮುಚ್ಚಿ ಎಷ್ಟೋ ಕಾಲವಾಗಿದೆ. ಮಾವ ದಿನಾ ಸಂಜೆ ನಡೆಯಲು ಹೋಗುತ್ತಿದ್ದರು, ಪಕ್ಕದ ಗಣಿ ಕಾಲೊನಿ ಚಾಂಪಿಯನ್ ರೀಫ್ಸ್ ಕಡೆಗೆ ಮಾತ್ರ ಕಾಲಿಡುತ್ತಿರಲಿಲ್ಲ. ಆ ಕಡೆ ಕೆಲಸವಿದ್ದರೂ ಸುತ್ತು ಹಾಕಿಕೊಂಡು ಬೇರೆ ದಾರಿ ಹಿಡಿಯುತ್ತಿದ್ದರು. ಅಲ್ಲಿ ನಾಯಿಗಳ ಕಾಟ ಎನ್ನುತ್ತಿದ್ದರು. ನಾಯಿಗಳಿಲ್ಲದ ಬೀದಿ ಈ ಊರಲ್ಲಿ ಯಾವುದಿದೆ ಎಂದು ನಾನೂ ಕೇಳಲಿಲ್ಲ.

ದೂರದರ್ಶಕದ ವಿಷಯ ನನಗೆ ಸಿಕ್ಕಿದ್ದು ಶಿಕ್ಷಕರ ತರಬೇತಿಯೊಂದರಲ್ಲಿ. ಬಾಹ್ಯಾಕಾಶದಲ್ಲಿ ತೇಲುತ್ತಾ ಸಾವಿರಾರು ನಕ್ಷತ್ರಗಳನ್ನು ಒಟ್ಟಿಗೇ ದಿಟ್ಟಿಸಿ ನೋಡುವ ದೂರದರ್ಶಕಗಳಿವೆ, ಅವು ಕಂಡದ್ದನ್ನು ಯಾರು ಬೇಕಾದರೂ ಕೂತು ನೋಡಲೆಂದು ಇಂಟರ್‌ನೆಟ್ಟಿನಲ್ಲಿ ತೆರೆದಿಟ್ಟಿದ್ದಾರೆ ಎಂದು ಅಲ್ಲಿ ತೋರಿಸಿದರು. ದೂರದರ್ಶಕಕ್ಕೆ ಆ ನಕ್ಷತ್ರಗಳನ್ನು ಸುತ್ತುವ ಗ್ರಹಗಳು ನೇರವಾಗಿ ಕಾಣುವುದಿಲ್ಲ. ಅದು ನಕ್ಷತ್ರದ ಬೆಳಕನ್ನು ಅಳೆಯುತ್ತಾ ಕೂತಿರುತ್ತದೆ, ಅಷ್ಟೆ. ಗ್ರಹವೊಂದು ಅಡ್ಡ ಹಾದುಹೋದರೆ ಬೆಳಕು ಒಂದಿಷ್ಟೇ ಇಷ್ಟು ತಗ್ಗುತ್ತದೆ, ರೈಲಿನ ಎಂಜಿನ್ ದೀಪದ ಮುಂದೆ ಸೊಳ್ಳೆ ಹಾರಿದ ಹಾಗೆ. ಗ್ರಹ ಒಂದು ಸುತ್ತು ಮುಗಿಸಿ ಮತ್ತೆ ಬಂದಾಗ ಮತ್ತೆ ಅಷ್ಟೇ ತಗ್ಗು. ಬೆಳಕಿನ ಚುಕ್ಕೆಗಳ ಉದ್ದ ಸಾಲಿನಲ್ಲಿ ಇಂಥ ತಗ್ಗುಗಳನ್ನು ಹುಡುಕುವುದು ನನ್ನಂಥವರಿಗೆ ಕೊಟ್ಟ ಕೆಲಸ. ಸಂಬಳವಿಲ್ಲ, ರಜೆಯೂ ಇಲ್ಲ. ಬಂಗಾರಪೇಟೆಯ ಒಬ್ಬಳು ಮೇಡಂ ನೋಡಲಿ ಎಂದು ತಮ್ಮ ಕಾಗದವನ್ನು ತೆರೆದಿಟ್ಟ ಆ ಕಾಣದ ಜನರನ್ನು ಇವತ್ತಿಗೂ ನೆನೆಸಿಕೊಳ್ಳುತ್ತೇನೆ. ಅವರಿಗೆ ನಾನು ಯಾರೋ ಏನೋ, ನನಗೆ ಮಾತ್ರ ಅವರು ಮನೆಯವರೇ ಆಗಿಹೋದರು.

ಒಂದು ಭಾನುವಾರ ಲ್ಯಾಪ್‌ಟಾಪ್ ತೆರೆದು ಹಾಗೆ ಹುಡುಕುತ್ತಿದ್ದೆ. ಮಾವ ಕಾಫಿ ಲೋಟ ಹಿಡಿದು ಹಿಂದೆ ಬಂದು ನಿಂತರು. ಪರದೆಯ ಮೇಲಿನ ಗೆರೆಯತ್ತ ಬಾಗಿದರು. ಆಮೇಲೆ ಕೇಳಿದರು: "ಇದ್ಯಾವ ಶಾಫ್ಟ್‌ದು?"

"ಶಾಫ್ಟ್‌ದಲ್ಲ ಮಾವ, ನಕ್ಷತ್ರದ್ದು."

"ನಕ್ಷತ್ರಾನೂ ಅದುರ್ತದಾ?"

ನಾನು ಅದುರುವುದಲ್ಲ, ಬೆಳಕು ತಗ್ಗುವುದು ಎಂದು ಹೇಳಿದೆ. ಪಾಠ ಅರ್ಧಕ್ಕೇ ನಿಂತಿತು, ಯಾಕೆಂದರೆ ಪಕ್ಕದ ಮನೆಯವರು ಕರೆದರು. ಆದರೆ ಮಾವನ ಕಣ್ಣು ಆ ಗೆರೆಯ ಮೇಲೇ ನೆಟ್ಟಿತ್ತು. ಸಂಜೆ ಮತ್ತೆ ಬಂದು, "ಅದು ಕಾಗದದ ಮ್ಯಾಲೆ ಸಿಗ್ತದಾ? ಆ ಗಾಜಲ್ಲಿ ನಂಗೆ ಓದೋಕಾಗಲ್ಲ" ಎಂದರು. ಮಾರನೆಯ ದಿನ ಬಂಗಾರಪೇಟೆ ಸ್ಟೇಷನ್ ಹೊರಗಿನ ಜೆರಾಕ್ಸ್ ಅಂಗಡಿಯಲ್ಲಿ ಒಂದಷ್ಟು ನಕ್ಷತ್ರಗಳನ್ನು ಪ್ರಿಂಟ್ ಹಾಕಿಸಿ ತಂದೆ. ಅಂಗಡಿಯವನು ಯಾರದೋ ಇಸಿಜಿ ಎಂದುಕೊಂಡು, ಮನೆಯಲ್ಲಿ ಎಲ್ಲಾ ಹುಷಾರಾಗಿದ್ದಾರಾ ಅಂತ ಕೇಳಿದ.

ಕಾಗದ ಕೈಗೆ ಬಂದದ್ದೇ ಮಾವ ಬೇರೆಯೇ ಮನುಷ್ಯರಾದರು. ಟ್ರಂಕಿನಿಂದ ಭೂತಗನ್ನಡಿ ಬಂತು, ಕೆಂಪು ಪೆನ್ಸಿಲ್ ಬಂತು. ಹಳೇ ಕ್ಯಾಲೆಂಡರಿನ ಅಂಚನ್ನು ಪಟ್ಟಿಯಾಗಿ ಕತ್ತರಿಸಿದರು. ಎರಡು ತಗ್ಗುಗಳ ನಡುವಿನ ದೂರವನ್ನು ಆ ಪಟ್ಟಿಯ ಮೇಲೆ ಗುರುತು ಮಾಡಿ, ಪಟ್ಟಿಯನ್ನು ಗೆರೆಯುದ್ದಕ್ಕೂ ಜಾರಿಸುತ್ತಾ ಹೋಗುವುದು. ಮುಂದಿನ ತಗ್ಗು ಅದೇ ಗುರುತಿಗೆ ಬಿದ್ದರೆ ಅದು ಹೊತ್ತಿಗೆ ಸರಿಯಾಗಿ ಬರುವಂಥದ್ದು. ಗಣಿಯ ಕೋಣೆಯಲ್ಲೂ ಹೀಗೇ ಮಾಡುತ್ತಿದ್ದರಂತೆ. ಎಷ್ಟು ಚೆನ್ನಾಗಿತ್ತು ಆ ಕೆಲಸ ನೋಡುವುದಕ್ಕೆ! ಒಂದು ದಿನ ಕೈ ತಡೆದು ಕೇಳಿದರು: "ಈ ಬೆಳಕು ಯಾವತ್ತು ಒರಟಿದ್ದು?"

"ನಿಮ್ಮ ಅಪ್ಪ ಈ ಊರಿಗೆ ಬರೋದಕ್ಕೂ ಮುಂಚೆ ಹೊರಟಿರಬೇಕು ಮಾವ. ಅಷ್ಟು ದೂರ."

"ಅಂಗಾದ್ರೆ ಅಳೇ ಕಾಗದ ಇದು." ಪೆನ್ಸಿಲಿನ ಮೊನೆ ನೋಡಿಕೊಂಡರು. "ಇಷ್ಟು ತಡವಾಗಿ ಓದಿದ್ರೂ ಓದ್ದಂಗೇಯಾ?"

"ಓದಿದ ಹಾಗೇ ಮಾವ" ಎಂದೆ, ಮೇಡಂ ಧ್ವನಿಯಲ್ಲಿ. ಅವರು ಏನನ್ನು ಕೇಳುತ್ತಿದ್ದಾರೆ ಎಂಬುದು ಆಗ ನನಗೆ ಗೊತ್ತಿರಲಿಲ್ಲ.

ಅದರ ಮುಂದಿನ ಭಾನುವಾರವೇ ಆ ಗೀಟುಗಳ ಪ್ರಸಂಗ. ಹೊತ್ತಿಗೆ ಸರಿಯಾಗಿ ಬಂದ ತಗ್ಗುಗಳನ್ನೆಲ್ಲ ಮದ್ದು ಎಂದುಕೊಂಡು ಹೊಡೆದುಹಾಕಿದ್ದರು. ಅವೇ ಅಲ್ಲವೇ ನಮಗೆ ಬೇಕಾದದ್ದು! ನಾನು ನಕ್ಕು ಸುಸ್ತಾಗಿ, "ಮಾವ, ಇಲ್ಲಿ ಎಲ್ಲ ಉಲ್ಟಾ. ಟೈಮಿಗೆ ಸರಿಯಾಗಿ ಬರೋದೇ ಗ್ರಹ. ನೀವು ಮನೆಗೆ ಬಂದ ನೆಂಟರನ್ನೆಲ್ಲ ಕಳ್ಳರು ಅಂತ ಓಡಿಸಿಬಿಟ್ಟಿರಿ" ಎಂದೆ. ಅವರೂ ಬಿಡಲಿಲ್ಲ. "ನೀನು ಮೊದ್ಲೇ ಏಳ್ಬೇಕಾಗಿತ್ತು. ಪಕ್ಕದ ಮನೆಯವ್ರು ಕರೆದ್ರು ಅಂತ ಪಾಠ ಅರ್ಧಕ್ಕೆ ಬಿಟ್ಟೋದ ಮೇಡಂ ನೀನೇ ತಾನೆ?" ಎಂದರು. ಸರಿಯಾಗಿಯೇ ಕೊಟ್ಟರು.

ಆದರೆ ನನ್ನ ನಗು ಎರಡು ದಿನವೂ ಬಾಳಲಿಲ್ಲ. ಆ ವೆಬ್‌ಸೈಟಿನ ಸೂಚನೆಗಳನ್ನು ನಾನು ಪೂರ್ತಿ ಓದಿಯೇ ಇರಲಿಲ್ಲ. ರೈಲಿನಲ್ಲಿ ಕೂತು ಓದಿದಾಗ ಗೊತ್ತಾಯಿತು: ದೂರದರ್ಶಕ ಆಗಾಗ, ಗೊತ್ತಾದ ಹೊತ್ತಿಗೆ, ತನ್ನನ್ನು ತಾನೇ ನೆಟ್ಟಗೆ ಮಾಡಿಕೊಳ್ಳುತ್ತದೆ. ಆಗ ಅದಕ್ಕೊಂದು ಕುಲುಕು, ಚುಕ್ಕೆಗಳ ಸಾಲಿನಲ್ಲೂ ಒಂದು ಸುಳ್ಳು ಗುರುತು. ಆ ಹೊತ್ತನ್ನು ಕಾಗದದ ಕೆಳ ಅಂಚಿನಲ್ಲಿ ಸಣ್ಣ ಗೆರೆಯಿಂದ ತೋರಿಸಿರುತ್ತಾರೆ, ಅಲ್ಲಿ ಬಂದದ್ದನ್ನು ನಂಬಬೇಡಿ ಎನ್ನುತ್ತಾರೆ. ಅಂದರೆ ಆಕಾಶದಲ್ಲೂ ಮದ್ದಿನ ಹೊತ್ತು ಅಂತ ಒಂದಿದೆ. ಮಾವ ಹೊಡೆದುಹಾಕಿದ್ದರಲ್ಲಿ ಕೆಲವು ನಿಜವಾಗಿಯೂ ಹೊಡೆದುಹಾಕಬೇಕಾದವೇ ಆಗಿದ್ದವು. ಮನೆಗೆ ಬಂದು ಚಪ್ಪಲಿ ಬಿಡುವ ಮೊದಲೇ, "ಮಾವ, ತಪ್ಪಾಯ್ತು, ಅರ್ಧ ನಿಮ್ಮದೇ ಸರಿ" ಎಂದೆ. ಅವರು ಹೊಸ ಪ್ರಿಂಟ್ ತರಲು ಹೇಳಿದರು, ಈ ಸಲ ಕೆಳ ಅಂಚಿನ ಗೆರೆಗಳು ಚೆನ್ನಾಗಿ ಕಾಣುವ ಹಾಗೆ.

ಒಂದು ನಕ್ಷತ್ರದಲ್ಲಿ ಎರಡು ತಗ್ಗುಗಳಿದ್ದವು. ಸಣ್ಣವು, ಆದರೆ ಸ್ಪಷ್ಟ. ಎರಡಿದ್ದರೆ ಸಾಲದು, ಮೂರನೆಯದೂ ಅಷ್ಟೇ ಅಂತರದಲ್ಲಿ ಬಂದರೆ ಮಾತ್ರ ನಂಬಬಹುದು. ಮಾವ ಪಟ್ಟಿ ಜಾರಿಸಿದರು. ಮೂರನೆಯ ಗುರುತು ಹೋಗಿ ನಿಂತದ್ದು ಸರಿಯಾಗಿ ದೂರದರ್ಶಕದ ಕುಲುಕಿನ ಮೇಲೆ. ಅಲ್ಲಿ ಚುಕ್ಕೆಗಳೆಲ್ಲ ಚೆಲ್ಲಾಪಿಲ್ಲಿ.

"ಅಯ್ಯೋ, ಅದು ಮದ್ದಿನ ಹೊತ್ತು ಮಾವ, ಹೊಡೆದುಹಾಕಿ" ಎಂದು ನಾನೇ ಪೆನ್ಸಿಲ್ ಎತ್ತಿಕೊಂಡೆ.

"ಮುಟ್‌ಬ್ಯಾಡ!"

ಬೆಚ್ಚಿಬಿದ್ದೆ. ಮದುವೆಯಾಗಿ ಬಂದಂದಿನಿಂದ ಅವರು ನನ್ನ ಮೇಲೆ ಧ್ವನಿ ಎತ್ತಿದ್ದು ಅದೊಂದೇ ಸಲ. ಅವರ ಕೈ ಕಾಗದವನ್ನು ಮುಚ್ಚಿಕೊಂಡಿತ್ತು. ನೀರು ತಂದು ಕೊಟ್ಟೆ. ಕುಡಿದು, ಲೋಟವನ್ನು ಕೆಳಗಿಡದೆ ಹೇಳಿದರು.

"ಒಂದಿನ ಮದ್ದಿನ ಒತ್ತಿಗೆ ಮುಳ್ಳು ಎಗರ್ತು. ನೋಡ್ದೆ. ಗೀಟು ಒಡ್ದೆ. ಗೆರೆ ಸ್ವಲ್ಪ ಬ್ಯಾರೆ ಥರ ಐತಲ್ಲಾ ಅನ್ನಿಸ್ತು, ಆದ್ರೂ ಮದ್ದು ಅಂತ ಗೀಟು ಒಡ್ದೆ. ಮದ್ದಿನ ಜೊತೇಲೇ ಬಂಡೆ ಸಿಡಿದಿತ್ತು ಅಮ್ಮಣ್ಣಿ. ಎಲ್ರೂ ಮ್ಯಾಲೆ ಬಂದಿದ್ರು, ನೀರೆತ್ತೋ ಪಂಪು ನೋಡ್ಕೊಳ್ಳೋನು ಒಬ್ಬ ಮಾತ್ರ ಮದ್ದಿಂದ ದೂರ ಒಳಗಿದ್ದ. ಅವ್ನು ಫೋನ್ ಎತ್ತಲಿಲ್ಲ ಅಂತ ಒಂದು ಗಂಟೆ ಆದ್ಮೇಲೆ ಗೊತ್ತಾಯ್ತು. ನಾನು ಆಗ್ಲೇ ಫೋನ್ ಮಾಡಿದ್ರೆ ಅವ್ನ ಕಾಲು ಉಳೀತಿತ್ತೇನೋ."

ಆ ಮನುಷ್ಯ ಬದುಕಿದ್ದರು. ಒಂದು ಕಾಲಿಲ್ಲ. ಚಾಂಪಿಯನ್ ರೀಫ್ಸ್‌ನಲ್ಲೇ ಮನೆ. ಮಾವ ಇದನ್ನು ಅವರಿಗಾಗಲೀ ಬೇರೆ ಯಾರಿಗಾಗಲೀ ಹೇಳಿರಲಿಲ್ಲ. ಇಷ್ಟು ವರ್ಷ ಸುತ್ತು ದಾರಿ ಹಿಡಿದು ತಿರುಗಿದ್ದು ಅದಕ್ಕೇ. ನಾಯಿಗಳ ಕಾಟವಂತೆ! ನನಗೆ ಅಳು ಬಂತು, ಅತ್ತುಬಿಟ್ಟೆ.

ಮಾವ ಮಾತ್ರ ಭೂತಗನ್ನಡಿ ತೆಗೆದುಕೊಂಡು ಮತ್ತೆ ಬಾಗಿದರು. ಕುಲುಕಿನ ಗುರುತು ಚೂಪಾಗಿ ಏಳುತ್ತದೆ, ಬೇಗ ಇಳಿಯುತ್ತದೆ. ಅದರ ಪಕ್ಕದಲ್ಲೇ, ಚೆಲ್ಲಿದ ಚುಕ್ಕೆಗಳ ಅಡಿಯಲ್ಲಿ, ಇನ್ನೊಂದು ಆಕಾರ ಇದೆ ಎಂದರು. ಊಟದ ತಟ್ಟೆಯ ಹಾಗೆ ತಳ ಚಪ್ಪಟೆ, ಮೊದಲಿನ ಎರಡಕ್ಕೂ ಇದ್ದ ಹಾಗೆ. ನನಗೆ ಎಷ್ಟು ನೋಡಿದರೂ ಅರ್ಧ ಕಾಣುವುದು, ಅರ್ಧ ಕಾಣದು. ಅವರು ಗೀಟು ಹೊಡೆಯಲಿಲ್ಲ. ಕೆಂಪು ಪೆನ್ಸಿಲಿನಿಂದ ಸುತ್ತಲೂ ಒಂದು ವೃತ್ತ ಎಳೆದರು. ಆ ಪೆನ್ಸಿಲಿನಲ್ಲಿ ಗೀಟಲ್ಲದೆ ಬೇರೆ ಏನನ್ನಾದರೂ ಎಳೆದದ್ದು ಅದೇ ಮೊದಲಂತೆ.

ಅದರ ಫೋಟೋ ತೆಗೆದು, ನನಗೆ ಬಂದಷ್ಟು ಇಂಗ್ಲಿಷಿನಲ್ಲಿ ವಿವರ ಬರೆದು ಆ ವೆಬ್‌ಸೈಟಿಗೆ ಕಳಿಸಿದೆ. ಆಮೇಲೆ ಶುರುವಾಯಿತು ಕಾಯುವ ಕಷ್ಟ. ನಾನು ಸ್ಟೇಷನ್ನಿನಿಂದ ಮನೆ ಮುಟ್ಟುವಷ್ಟರಲ್ಲಿ ಮಾವ ಬಾಗಿಲಲ್ಲಿ ನಿಂತಿರುತ್ತಿದ್ದರು. ಬಾಯಿಬಿಟ್ಟು ಕೇಳುತ್ತಿರಲಿಲ್ಲ, ನನ್ನ ಮುಖ ನೋಡುತ್ತಿದ್ದರು. ಅವರಿಗೆ ಗ್ರಹ ಬೇಕಾಗಿರಲಿಲ್ಲ ಎಂಬುದು ನನಗೆ ಅಷ್ಟು ಹೊತ್ತಿಗೆ ತಿಳಿದಿತ್ತು. ತಮ್ಮ ಕಣ್ಣನ್ನು ತಾವು ಮತ್ತೆ ನಂಬಬಹುದೇ ಎಂಬುದಕ್ಕೆ ಯಾರಾದರೂ ಉತ್ತರ ಕೊಡಬೇಕಾಗಿತ್ತು. ಇಲ್ಲ, ಅದು ಬರೀ ಕುಲುಕು ಎಂದು ಬಂದುಬಿಟ್ಟರೆ? ಆಗ ಆ ಮುಖವನ್ನು ನಾನು ಹೇಗೆ ನೋಡಲಿ? ಸುಮ್ಮನಿದ್ದ ಮುದುಕರನ್ನು ನಾನೇ ಎಳೆದು ತಂದೆನಲ್ಲ ಎಂದು ನನ್ನನ್ನೇ ಬೈದುಕೊಂಡೆ. ಎಷ್ಟೋ ವಾರ ಹೀಗೇ ಕಳೆದವು.

ಉತ್ತರ ಬಂದದ್ದು ಶಾಲೆಯಲ್ಲಿ, ಊಟದ ಬಿಡುವಿನಲ್ಲಿ. ನೀವು ಗುರುತಿಸಿದ್ದು ಸರಿ, ಕುಲುಕನ್ನು ತೆಗೆದು ನೋಡಿದೆವು, ಮೂರನೆಯ ತಗ್ಗು ಅಲ್ಲಿದೆ, ಈ ನಕ್ಷತ್ರವನ್ನು ಗ್ರಹವಿರಬಹುದಾದವುಗಳ ಪಟ್ಟಿಗೆ ಸೇರಿಸಿ ಮತ್ತೊಮ್ಮೆ ನೋಡುತ್ತೇವೆ ಎಂದು ಯಾವುದೋ ದೇಶದ ಯಾರೋ ಬರೆದಿದ್ದರು. ಕೊನೆಯಲ್ಲಿ ಒಂದು ಪ್ರಶ್ನೆ: ಆ ಭಾಗವನ್ನು ನಾವೆಲ್ಲ ಬಿಟ್ಟುಬಿಡುತ್ತೇವೆ. ಅಲ್ಲೇ ನೋಡಬೇಕೆಂದು ನಿಮಗೆ ಹೇಗೆ ಹೊಳೆಯಿತು?

ಆವತ್ತು ರೈಲು ಎಷ್ಟು ನಿಧಾನ ಹೋಯಿತೋ ದೇವರಿಗೇ ಗೊತ್ತು. ಮನೆಗೆ ಬಂದು ಕನ್ನಡದಲ್ಲಿ ಓದಿ ಹೇಳಿದೆ. ಮಾವ ಎರಡು ಸಲ ಓದಿಸಿದರು. ಕುರ್ಚಿಯ ಕೈ ಹಿಡಿದು ನಿಧಾನವಾಗಿ ಕೂತರು. "ಇತ್ತಲ್ಲಾ" ಎಂದರು, ಅಷ್ಟೆ. ಕಣ್ಣು ತುಂಬಿತ್ತು.

"ಅವರ ಪ್ರಶ್ನೆಗೆ ಏನು ಬರೀಲಿ ಮಾವ?"

"ಇರು. ಅವ್ರಿಗೆ ಬರೆಯೋಕ್ಮುಂಚೆ ಒಬ್ಬನಿಗೆ ಏಳ್ಬೇಕು. ನೀನೂ ಬಾ ಜೊತೇಲಿ, ನಾನು ಅರ್ಧ ದಾರೀಲಿ ತಿರುಗಿಬಿಟ್ರೆ ಬಿಡಬ್ಯಾಡ."

ಭಾನುವಾರ ಬೆಳಿಗ್ಗೆ ಇಬ್ಬರೂ ಚಾಂಪಿಯನ್ ರೀಫ್ಸ್‌ಗೆ ಹೋದೆವು. ಅವರು ತಿರುಗಲಿಲ್ಲ. ಸಾಲುಮನೆಗಳ ಕೊನೆಯಲ್ಲಿ, ಬಾಗಿಲ ಮುಂದೆ ಕುರ್ಚಿ ಹಾಕಿಕೊಂಡು, ಊರುಗೋಲನ್ನು ಗೋಡೆಗೆ ಒರಗಿಸಿ ಒಬ್ಬರು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ಮಾವನನ್ನು ನೋಡಿ ಅವರ ಮುಖ ಅರಳಿತು. "ವಾಪ್ಪಾ ವಾ! ಸೂರ್ಯ ಯಾವ ಕಡೆ ಉಟ್ಟಿದ್ದಾನೆ ಇವತ್ತು? ಬಾಮ್ಮಾ, ಕೂತ್ಕೋ" ಎಂದು ತಮಿಳು ಬೆರೆಸಿ ಕರೆದರು.

ಮಾವ ಕೂರಲಿಲ್ಲ. ನಿಂತೇ ಹೇಳಿದರು. "ಆವತ್ತು ಮುಳ್ಳು ಎಗರಿದ್ದು ನಾನು ನೋಡ್ದೆ ಕಣ್ಲಾ. ಮದ್ದು ಅಂತ ಗೀಟು ಒಡ್ದೆ. ಫೋನ್ ಮಾಡ್ಲಿಲ್ಲ. ಒಂದು ಗಂಟೆ ನೀನು ಅಲ್ಲಿ ಬಿದ್ದಿದ್ದು ನನ್ನಿಂದ."

ಹುಣಸೆಹಣ್ಣಿನ ಮೇಲಿನ ಬೆರಳುಗಳು ನಿಂತವು. ಅವರು ತಲೆಯೆತ್ತಿ ಕೇಳಿದರು: "ಆವತ್ತಿಂದ ಇದನ್ನ ಒಟ್ಟೇಲಿ ಇಟ್ಕೊಂಡಿದ್ದೀಯಾ?"

ಮಾವ ತಲೆಯಾಡಿಸಿದರು.

"ಕತ್ಲಲ್ಲಿ ಬಿದ್ದಿದ್ನಲ್ಲಾ, ಕಾಲು ಬಂಡೆ ಕೆಳಗೆ. ಆಗ ನಾನೇನು ಅಂದ್ಕೊಂಡೆ ಗೊತ್ತಾ? ಮ್ಯಾಲೆ ಆ ರೂಮಲ್ಲಿ ಒಬ್ಬ ಕೂತಿದ್ದಾನೆ, ಅವ್ನು ನೋಡಿರ್ತಾನೆ, ಬತ್ತಾರೆ. ಅದೇ ಅಂದ್ಕೊಂಡು ಅಂದ್ಕೊಂಡು ಕಣ್ಣು ಮುಚ್ಚದೇ ಇದ್ದೆ. ಮುಚ್ಚಿದ್ರೆ ಓಗ್ಬಿಡ್ತಿದ್ದೆ."

"ನೋಡ್ದೆ, ಆದ್ರೆ..." ಎಂದು ಮಾವ ಶುರು ಮಾಡಿದರು.

"ನೋಡಿದ್ಯಲ್ಲಾ" ಎಂದರು ಅವರು. "ನಾನು ಅಂದ್ಕೊಂಡಿದ್ದು ಸುಳ್ಳಾಗ್ಲಿಲ್ಲ, ಬಿಡು. ಈಗ ಕೂತ್ಕೋ, ಕಾಲು ನೋಯ್ತದೆ. ನಂಗೆ ಒಂದೇ ಕಾಲು ನೋಯೋದು, ನಿಂಗೆ ಎರಡೂ."

ಮಾವ ನಕ್ಕರೋ ಅತ್ತರೋ, ಎರಡೂ ಒಟ್ಟಿಗೆ ಬಂದಿರಬೇಕು. ಕೂತರು. ಬೀಜ ಬಿಡಿಸಲು ತಾವೂ ಕೈ ಹಾಕಿದರು. ಸ್ವಲ್ಪ ಹೊತ್ತಾದ ಮೇಲೆ ಜೇಬಿನಿಂದ ಕೆಂಪು ವೃತ್ತದ ಆ ಕಾಗದ ತೆಗೆದು ಅವರ ಕೈಗೆ ಕೊಟ್ಟರು. ಅವರು ಕೈಯನ್ನು ಪಂಚೆಗೆ ಒರೆಸಿಕೊಂಡು, ಕಾಗದವನ್ನು ದೂರ ಹಿಡಿದು, ಕಣ್ಣು ಕಿರಿದು ಮಾಡಿ ನೋಡಿ ಕೇಳಿದರು:

"ಇದ್ಯಾವ ಶಾಫ್ಟ್‌ದು?"

ನಾನು ಪಾಠ ಹೇಳಲು ಬಾಯಿ ತೆರೆದೆ. ಮಾವ ಕೈ ಅಡ್ಡ ಹಿಡಿದು ತಾವೇ ಹೇಳತೊಡಗಿದರು. ನನಗಿಂತ ಚೆನ್ನಾಗಿ ಹೇಳಿದರು, ಅರ್ಧಕ್ಕೆ ಬಿಡಲಿಲ್ಲ. ನಾನು ಪಕ್ಕದಲ್ಲಿ ಕೂತು ಕೇಳಿದೆ. ಈ ಮನೆಗೆ ಬಂದದ್ದಕ್ಕೆ, ಈ ಮಾವನ ಪಕ್ಕದಲ್ಲಿ ಕೂತು ಓದುವುದನ್ನು ಕಲಿತದ್ದಕ್ಕೆ, ಆ ಒಂಟಿಕಾಲಿನ ದೊಡ್ಡ ಮನುಷ್ಯ ಆವತ್ತು ಕಣ್ಣು ಮುಚ್ಚದೆ ಉಳಿದದ್ದಕ್ಕೆ ನನ್ನ ಎದೆ ತುಂಬಿಕೊಂಡಿತ್ತು.

ಮನೆಗೆ ಬಂದು ಲ್ಯಾಪ್‌ಟಾಪ್ ತೆರೆದೆ. ಅಲ್ಲೇ ನೋಡಬೇಕೆಂದು ನಿಮಗೆ ಹೇಗೆ ಹೊಳೆಯಿತು ಎಂಬ ಪ್ರಶ್ನೆ ಹಾಗೇ ಕಾದು ಕೂತಿತ್ತು.

"ಈಗ ಏಳಿ ಮಾವ, ಏನು ಬರೀಲಿ?" ಎಂದು ಅವರ ಹಾಗೇ ಹಕಾರ ನುಂಗಿ ಕೇಳಿದೆ.

ಮಾವ ಚಪ್ಪಲಿ ಬಿಡುತ್ತ ಹೇಳಿದರು: "ಒಂದ್ಸಲ ಅಲ್ಲಿ ಒಬ್ಬ ಮನುಷ್ಯ ಇದ್ದ ಅಂತ ಬರಿ."

ನಾನು ಹಾಗೇ ಬರೆದೆ.